ಸೊಪ್ಪು ಎತ್ತಿದ ಬೆಳಿಗ್ಗೆ

ಕೊಳ್ಳೇಗಾಲದ ಕೋರ್ಟಿನಲ್ಲಿ ನನ್ನ ತೀರ್ಪು ಓದುವುದಕ್ಕೆ ಎರಡು ನಿಮಿಷವೂ ಹಿಡಿಯಲಿಲ್ಲ. ಮೂರು ವರ್ಷ ಓಡಾಡಿದ ಕೇಸು. ಜಡ್ಜು ಓದಿದ್ದರಲ್ಲಿ ನನಗೆ ಅರ್ಥವಾಗಿದ್ದು ಬಿಡುಗಡೆ ಅನ್ನುವ ಒಂದೇ ಮಾತು. ಆಚೆ ಬಂದಾಗ ಅಣ್ಣ ನನ್ನ ಕೈ ಹಿಡಿದುಕೊಂಡು ಅತ್ತ. ನನಗೆ ಅಳು ಬರಲಿಲ್ಲ.

ನಾನು ಏಳನೇ ಕ್ಲಾಸಿಗೆ ಸ್ಕೂಲು ಬಿಟ್ಟವನು. ಕೋರ್ಟಿನ ಭಾಷೆ ತಿಳಿಯುವುದಿಲ್ಲ. ಅದಕ್ಕೇ ಲಾಯರನ್ನು ಕೇಳಿದೆ, ನಾನು ತಪ್ಪು ಮಾಡಿಲ್ಲ ಅಂತ ಬರೆದಿದ್ದಾರಾ ಅಂತ. ಅವರು ಯಳಂದೂರಿನವರು. ಫೈಲಿಗೆ ದಾರ ಸುತ್ತುತ್ತಾ ನಕ್ಕರು.

"ಅಂಗೇನೂ ಬರ್ದಿಲ್ಲ ಕಣಪ್ಪ. ನೀನೇ ಮಾಡ್ದೆ ಅಂತ ತೋರ್ಸಕ್ಕೆ ಪೊಲೀಸ್ನೋರ ಕೈಲಿ ಆಗ್ನಿಲ್ಲ ಅಂತ ಬರ್ದವ್ರೆ. ಮನ್ಗೋಗಿ ಉಣ್ಣಕ್ಕೆ ಅಷ್ಟ್ ಸಾಕು ಬುಡು."

ಸಾಕು ಅಂದುಕೊಂಡೇ ಬಸ್ ಸ್ಟ್ಯಾಂಡಿಗೆ ಬಂದೆ. ಅಣ್ಣ ಸ್ವೀಟು ಕಟ್ಟಿಸಿಕೊಳ್ಳಲು ಹೋದ. ನಮ್ಮೂರ ಬಸ್ಸು ನಿಲ್ಲುವ ಕಡೆ ಸತ್ತವನ ಹೆಂಡತಿ ಒಬ್ಬಳೇ ಕೂತಿದ್ದಳು. ನಾನು ಅವಳನ್ನು ದೊಡ್ಡವ್ವ ಅಂತಲೇ ಕರೆಯುವುದು. ರಕ್ತಸಂಬಂಧ ಇಲ್ಲ, ಅವರ ಹೊಲ ನಮ್ಮ ಹೊಲದ ಆಚೆಗಿದೆ, ಅಷ್ಟೇ. ತಪ್ಪಿಸಿಕೊಂಡು ಹೋಗೋಣ ಅಂದುಕೊಂಡೆ. ಅವಳೇ ಕರೆದಳು.

"ಕೋರ್ಟ್ ಮುಗೀತಲ್ಲ ಮಗ. ಇನ್ ನಿನ್ನ ಯಾರೂ ಇಡ್ಕಂಡೋಗಲ್ಲ. ಈಗ ಒಂದ್ ಮಾತ್ ಯೋಳು. ಅವತ್ತು ಸೊಪ್ಪಿತ್ತಾ?"

"ಇತ್ತು ದೊಡ್ಡವ್ವ" ಅಂದೆ.

ಬಸ್ಸು ಬಂತು, ಹತ್ತಿದಳು. ನಾನು ಆ ಬಸ್ಸಿಗೆ ಹತ್ತಲಿಲ್ಲ.

ಈ ಸೊಪ್ಪು ಏನು ಅಂತ ಹೇಳಬೇಕು. ನಮ್ಮೂರು ಲೊಕ್ಕನಹಳ್ಳಿಯಿಂದಲೂ ಆಚೆ, ಕಾಡಿನ ಅಂಚಿಗೆ. ಮುಸುಕಿನ ಜೋಳ ಹಾಲು ತುಂಬಿತು ಅಂದರೆ ಕಾಡುಹಂದಿ ಇಳಿಯುತ್ತವೆ. ಒಂದು ರಾತ್ರಿಗೆ ಅರ್ಧ ಹೊಲ ಮಲಗಿಸಿ ಹೋಗುತ್ತವೆ. ಅದಕ್ಕೆ ಊರಲ್ಲಿ ಸುಮಾರು ಜನ ಹೊಲದ ಸುತ್ತ ಮೊಣಕಾಲೆತ್ತರಕ್ಕೆ ತಂತಿ ಎಳೆದು ಮೋಟಾರಿನ ಸ್ಟಾರ್ಟರ್‌ನಿಂದ ಕರೆಂಟು ಕೊಡುತ್ತಿದ್ದರು. ಕಾನೂನಿಗೆ ವಿರುದ್ಧ ಅಂತ ಎಲ್ಲರಿಗೂ ಗೊತ್ತಿತ್ತು. ಆದರೆ ಊರೊಳಗೆ ನಮ್ಮದೇ ಒಂದು ಕಾನೂನು ಇತ್ತು. ಕರೆಂಟು ಕೊಡುವವನು ಹೊತ್ತು ಮುಳುಗುವ ಮುಂಚೆ ಕಾಲುದಾರಿಗೆ ಅಡ್ಡ ಒಂದು ಹೊಂಗೆ ಕೊಂಬೆ ಹಾಕಬೇಕು. ಬೆಳಿಗ್ಗೆ ಎತ್ತಬೇಕು. ಸೊಪ್ಪು ಕಂಡರೆ ಯಾರೂ ಹತ್ತಿರ ಹೋಗುವುದಿಲ್ಲ. ಸೊಪ್ಪು ಇಲ್ಲ ಅಂದರೆ ತಂತಿಯನ್ನು ಬರಿಗೈಯಲ್ಲಿ ಎತ್ತಿ ಕೆಳಗೆ ನುಸುಳಿ ಹೋಗುತ್ತಾರೆ. ಹೆಂಗಸರು, ದನ ಕಾಯುವವರು, ಎಲ್ಲರೂ. ಯಾರೂ ಹೆದರುತ್ತಿರಲಿಲ್ಲ, ಯಾಕೆಂದರೆ ಯಾರೂ ಇದರಲ್ಲಿ ಮೋಸ ಮಾಡುತ್ತಿರಲಿಲ್ಲ.

ಮೋಟಾರಿಗೆ ಬೇಕಾದ ತ್ರೀ ಫೇಸ್ ಕರೆಂಟು ನಮ್ಮ ಕಡೆ ಪಾಳಿಯಲ್ಲಿ ಬರುತ್ತದೆ. ಕೆಲವು ದಿನ ರಾತ್ರಿ ಪಾಳಿ, ಕೆಲವು ದಿನ ಹಗಲು. ಆಗ ರಾತ್ರಿ ಪಾಳಿ ನಡೆಯುತ್ತಿತ್ತು. ಹಗಲು ಹೇಗೂ ಕರೆಂಟಿಲ್ಲ ಅಂತ ನಾನು ಬೆಳಿಗ್ಗೆ ಸೊಪ್ಪು ಮಾತ್ರ ಎತ್ತುತ್ತಿದ್ದೆ, ಸ್ಟಾರ್ಟರ್‌ಗೆ ಸಿಕ್ಕಿಸಿದ ತಂತಿ ಬಿಚ್ಚುತ್ತಿರಲಿಲ್ಲ. ದಿನಾ ಬಿಚ್ಚಿ ದಿನಾ ಸಿಕ್ಕಿಸುವುದು ಯಾರು ಅನ್ನುವ ಸೋಮಾರಿತನ.

ಹಿಂದಿನ ದಿನ ಸಾಯಂಕಾಲ ಟೀ ಅಂಗಡಿಯಲ್ಲಿ ಲೈನ್‌ಮನ್ ಹೇಳಿದ್ದರು, ನಾಳೆಯಿಂದ ಪಾಳಿ ಹಗಲಿಗೆ, ಬೆಳಿಗ್ಗೆ ಏಳಕ್ಕೆ ಬರುತ್ತದೆ ಅಂತ. ನಾನು ಅಲ್ಲೇ ಟೀ ಕುಡಿಯುತ್ತಿದ್ದೆ. ಕೇಳಿಸಿಕೊಂಡಿದ್ದೆ. ಮರೆತೆ ಅಂತ ಈಗ ಹೇಳಿದರೆ ಅದೂ ಸುಳ್ಳು. ಬೆಳಿಗ್ಗೆ ಸೊಪ್ಪು ಎತ್ತಿ ಬದುವಿಗೆ ಎಸೆದಾಗಲೂ ನೆನಪಿತ್ತು. ಏಳು ಅಂದರೆ ಎಲ್ಲಿ ಏಳಕ್ಕೇ ಬರುತ್ತದೆ, ಡೈರಿಗೆ ಹಾಲು ಹಾಕಿ ಬಂದು ಬಿಚ್ಚಿದರಾಯಿತು ಅಂದುಕೊಂಡೆ.

ಏಳಕ್ಕೇ ಬಂತು.

ನಾನು ಖಾಲಿ ಕ್ಯಾನು ಹಿಡಿದು ವಾಪಸ್ ಬರುವಾಗ ದೊಡ್ಡವ್ವನ ಗಂಡ ದೊಡ್ಡಪ್ಪ ದಾರಿಯಲ್ಲಿ ಬಿದ್ದಿದ್ದ. ಅವನ ಹಸು ಹಿಂದೆ ನಿಂತು ಮೇಯುತ್ತಿತ್ತು. ಬಲಗೈ ತಂತಿ ಮೇಲೇ ಇತ್ತು. ಓಡಿ ಹೋಗಿ ಸ್ಟಾರ್ಟರ್ ಹತ್ತಿರದ ತಂತಿ ಕಿತ್ತೆ. ಬಂದು ನೋಡಿದರೆ ಜೀವ ಇರಲಿಲ್ಲ.

ಆಮೇಲೆ ಮಾಡಿದ್ದನ್ನು ಯಾರೂ ನನಗೆ ಹೇಳಿಕೊಟ್ಟಿರಲಿಲ್ಲ. ಬದುವಿನಲ್ಲಿ ಬಿದ್ದಿದ್ದ ಹೊಂಗೆ ಕೊಂಬೆ ತಂದು ದಾರಿಗೆ ಅಡ್ಡ ಹಾಕಿದೆ. ಅವನ ಕೋಲು ದಾರಿಯಲ್ಲೇ ಬಿದ್ದಿತ್ತು, ಅದರ ಮೇಲೆಯೇ ಹಾಕಿದೆ. ಆಗ ಅದು ತಲೆಗೆ ಹೋಗಲಿಲ್ಲ. ಕೊಂಬೆ ಹಾಕಿದ ಮೇಲೆ ಊರಿನ ಕಡೆ ತಿರುಗಿ ಕೂಗಿದೆ.

ಜನ ಬಂದರು, ದೊಡ್ಡವ್ವನೂ ಬಂದಳು. ಸೊಪ್ಪು ನೋಡಿದರು. ಪಾಪ, ಸೊಪ್ಪಿದ್ದರೂ ದಾಟಿಬಿಟ್ಟನಲ್ಲ ಅಂದರು. ಮುಂಜಾನೆಯೇ ಕುಡಿದಿದ್ದನೋ ಏನೋ ಅಂತ ಒಬ್ಬ ಅಂದ. ದೊಡ್ಡಪ್ಪ ಹಬ್ಬಕ್ಕೂ ಕುಡಿದವನಲ್ಲ. ನಾನು ಸುಮ್ಮನಿದ್ದೆ. ಪೊಲೀಸರು ಬರುವಷ್ಟರಲ್ಲಿ ಅಣ್ಣ ಮತ್ತು ಇನ್ನಿಬ್ಬರು ತಂತಿ ಸುತ್ತಿ ಸಾಗಿಸಿದರು, ಕೊಂಬೆಯನ್ನೂ ಎಸೆದರು. ಹೆಣ ಪೋಸ್ಟ್ ಮಾರ್ಟಂಗೆ ಕೊಳ್ಳೇಗಾಲಕ್ಕೆ ಹೋಯಿತು, ನಾನು ಪೊಲೀಸ್ ಜೀಪಿನಲ್ಲಿ ಹನೂರಿಗೆ ಹೋದೆ.

ಕರೆಂಟು ಹೊಡೆದು ಸತ್ತ ಅಂತ ಡಾಕ್ಟರು ಬರೆದರು. ಆದರೆ ತಂತಿ ಸಿಗಲಿಲ್ಲ. ಹೊಲ ಅಣ್ಣನ ಹೆಸರಲ್ಲಿ, ಮೋಟಾರು ತೀರಿಹೋದ ಅಪ್ಪನ ಹೆಸರಲ್ಲಿ. ಊರಿನ ಸಾಕ್ಷಿಗಳು ಒಬ್ಬರ ಹಿಂದೆ ಒಬ್ಬರು ಕಟಕಟೆ ಹತ್ತಿ, ತಂತಿ ನೋಡಿಲ್ಲ ಸಾ ಅಂದರು. ನನ್ನ ಮೇಲಿನ ಪ್ರೀತಿಯಿಂದ ಮಾತ್ರ ಅಲ್ಲ, ಅವರ ಹೊಲಗಳಲ್ಲೂ ತಂತಿ ಇತ್ತು. ಜೊತೆಗೆ ಅವರ ಲೆಕ್ಕದಲ್ಲಿ ನನ್ನದು ತಪ್ಪೇ ಅಲ್ಲ. ಸೊಪ್ಪು ಹಾಕಿದ್ದನಲ್ಲ ಅಂತ. ದೊಡ್ಡವ್ವನನ್ನು ಕೋರ್ಟಿನಲ್ಲಿ ಸೊಪ್ಪಿನ ವಿಷಯ ಯಾರೂ ಕೇಳಲಿಲ್ಲ. ಅದು ಕೋರ್ಟಿನವರಿಗೆ ಗೊತ್ತೇ ಇರಲಿಲ್ಲ.

ಹೀಗೆ ಎರಡು ಕಡೆ ಬಿಡುಗಡೆ ಆಯಿತು ನನಗೆ. ಕೋರ್ಟಿಗೆ ತಂತಿ ಸಿಗಲಿಲ್ಲ, ಊರಿಗೆ ಸೊಪ್ಪು ಸಿಕ್ಕಿತು. ತೀರ್ಪಿನ ಕಾಗದವನ್ನು ಅಣ್ಣ ಪ್ಲಾಸ್ಟಿಕ್ ಕವರಿಗೆ ಹಾಕಿ ಬೀರುವಿನಲ್ಲಿಟ್ಟ. ನಾನು ಅದನ್ನು ತೆಗೆದು ನೋಡಲಿಲ್ಲ.

ತೀರ್ಪಾಗಿ ಒಂದು ತಿಂಗಳಾಗಿರಬಹುದು. ಬೆಳಿಗ್ಗೆ ಹಾಲಿನ ಡೈರಿ ಮುಂದೆ ಸಾಲಿನಲ್ಲಿ ನಿಂತಿದ್ದೆವು. ದೊಡ್ಡವ್ವ ನನಗಿಂತ ಇಬ್ಬರ ಮುಂದೆ. ಒಬ್ಬ ಮೊಪೆಡ್‌ನಲ್ಲಿ ಬಂದು ಕೆಳಗಿಟ್ಟಿದ್ದ ಕ್ಯಾನಿಗೆ ಗುದ್ದಿ ಹಾಲು ಚೆಲ್ಲಿದ. ಕ್ಯಾನಿನವನು ತಿರುಗಿದ.

"ಲೇ, ಕಣ್ ಕಾಣ್ನಿಲ್ವೇನ್ಲಾ? ಸೊಪ್ಪ್ ದಾಟ್ದವ್ನಂಗೆ ಬತ್ತಿಯಲ್ಲ."

ನಾಲ್ಕೈದು ಜನ ನಕ್ಕರು. ಹೊಸ ಮಾತೇನಲ್ಲ. ಆ ಮೂರು ವರ್ಷದಲ್ಲಿ ನಮ್ಮೂರಲ್ಲಿ ಎಡವಿದವನಿಗೂ ಸೊಪ್ಪು ದಾಟಿದವನು, ಎಲೆಕ್ಷನ್‌ನಲ್ಲಿ ಸೋತವನಿಗೂ ಸೊಪ್ಪು ದಾಟಿದವನು ಅಂತಲೇ ಹೆಸರು. ದೊಡ್ಡವ್ವ ನೆಲ ನೋಡುತ್ತಿದ್ದಳು.

"ಸೊಪ್ಪಿರ್ನಿಲ್ಲ" ಅಂದೆ.

ಯಾರಿಗೂ ಅರ್ಥವಾಗಲಿಲ್ಲ. ಇನ್ನೊಂದು ಸಲ ಹೇಳಿದೆ. ಬೆಳಿಗ್ಗೆ ನಾನೇ ಎತ್ತಿದ್ದೆ, ಪಾಳಿ ಬದಲಾಗಿದ್ದು ಗೊತ್ತಿತ್ತು, ತಂತಿ ಬಿಚ್ಚಲಿಲ್ಲ, ಅವನು ಸತ್ತ ಮೇಲೆ ಸೊಪ್ಪು ತಂದು ಹಾಕಿದೆ. ಒಂದೇ ಉಸಿರಿಗೆ ಹೇಳಿ ಮುಗಿಸಿದೆ. ಹಾಲು ಅಳೆಯುತ್ತಿದ್ದವನ ಕೈ ನಿಂತಿತು. ನನ್ನ ಕೇಸಿನಲ್ಲಿ ಮೊದಲ ಸಾಕ್ಷಿಯಾಗಿದ್ದ ಮುದುಕ ಹತ್ತಿರ ಬಂದ.

"ಕೋರ್ಟೇ ಬುಟ್ಟದ. ಸುಮ್ನೆ ಯಾಕ್ಲಾ ಮೈಮೇಲ್ ಎಳ್ಕತಿಯೆ?" ಅಂದ. ಆಮೇಲೆ ನನ್ನ ಮುಖ ನೋಡಿದ. "ನಿನ್ಗೋಸ್ಕರ ನಾನು ಕಟಕಟೇಲಿ ಸುಳ್ ಯೋಳ್ದಿ. ಸೊಪ್ಪಿತ್ತು ಅಂದ್ಕಂಡು ಯೋಳ್ದಿ ಕಣ್ಲಾ."

ಕಾಲ ಹತ್ತಿರ ಉಗಿದು ಹೋದ.

ದೊಡ್ಡವ್ವ ತನ್ನ ಹಾಲು ಅಳೆಸಿಕೊಂಡು, ಕಾರ್ಡಿನಲ್ಲಿ ಬರೆಸಿಕೊಂಡು, ಆಮೇಲೆ ನನ್ನ ಮುಂದೆ ಬಂದು ನಿಂತಳು.

"ಕೋಲು ಸೊಪ್ಪಿನ ಕೆಳಗಿತ್ತು ಕಣಪ್ಪ. ದಾಟಿ ಓಗಿದ್ರೆ ಮೇಲ್ ಇರ್ಬೇಕಿತ್ತು. ಅವತ್ತೇ ನಾನ್ ನೋಡಿದಿ. ನಾನ್ ಯೋಳಿದ್ರೆ ಯಾರ್ ನಂಬ್ತಿದ್ರು? ನಿನ್ ಬಾಯಿಂದ್ಲೇ ಬರ್ಲಿ ಅಂತ ಕಾದಿ."

ನಾನು ಕೈ ಮುಗಿಯಲು ಹೋದೆ.

"ಅದೆಲ್ಲ ಬ್ಯಾಡ. ಬಸ್ ಸ್ಟ್ಯಾಂಡ್‌ನಲ್ಲಿ ಇತ್ತು ಅಂದಲ್ಲ, ಅದ ನಾನು ಮರಿಯಲ್ಲ."

ಅಣ್ಣ ಅವತ್ತಿನಿಂದ ನನ್ನ ಜೊತೆ ಮಾತು ಬಿಟ್ಟಿದ್ದಾನೆ. ಅಪೀಲು ಹಾಕಿಬಿಟ್ಟರೆ ಅಂತ ಅವನಿಗೆ ಭಯ. ಯಾರೂ ಹಾಕಿಲ್ಲ. ಸೊಪ್ಪು ದಾಟಿದವನು ಅನ್ನುವ ಮಾತನ್ನು ಊರಲ್ಲಿ ಈಗ ಯಾರೂ ಆಡುವುದಿಲ್ಲ. ಅದು ಒಂದೇ ಒಳ್ಳೆಯದಾಗಿದ್ದು.

ನಮ್ಮ ಹೊಲದಲ್ಲಿ ಈಗ ತಂತಿಯೇ ಇಲ್ಲ. ಹಂದಿ ತಿಂದು ಉಳಿದದ್ದು ನಮಗೆ. ಆದರೂ ಜನ ದಾರಿಯ ತುದಿಯಲ್ಲಿ ನಿಂತು ಕರೆಂಟಿದೆಯಾ ಅಂತ ಕೂಗುತ್ತಾರೆ. ಇಲ್ಲ ಅಂತ ಕೂಗುತ್ತೇನೆ. ಸ್ವಲ್ಪ ಹೊತ್ತು ನಿಂತು, ಕೆರೆ ಕಡೆಯಿಂದ ಸುತ್ತಿಕೊಂಡು ಹೋಗುತ್ತಾರೆ. ಬೇರೆಯವರ ಹೊಲದ ಹತ್ತಿರವೂ ಈಗ ಹಾಗೇ ಮಾಡುತ್ತಾರಂತೆ.

ದೊಡ್ಡವ್ವ ಮಾತ್ರ ಕೂಗುವುದಿಲ್ಲ. ಹಸುವನ್ನು ಹಿಂದೆ ನಿಲ್ಲಿಸಿ, ಆ ಕೋಲನ್ನೇ ಮುಂದೆ ಚಾಚಿ, ತಂತಿ ಇದ್ದ ಜಾಗದಲ್ಲಿ ಗಾಳಿಯನ್ನು ಒಂದು ಸಲ ತಡವಿ ನೋಡುತ್ತಾಳೆ. ಆಮೇಲೆ ದಾಟುತ್ತಾಳೆ. ನಾನು ಹತ್ತು ಮಾರು ದೂರದಲ್ಲಿ ಕಳೆ ಕೀಳುತ್ತಿದ್ದರೂ ನನ್ನನ್ನು ಕೇಳುವುದಿಲ್ಲ.