ತಿಂಗಳು ಮುಗಿಯದ ಆಫೀಸು

ಮಡಗಾಂವಿನಲ್ಲಿ ಕಟ್ಟಡಗಳ ನಕ್ಷೆ ಬರೆಯುವ ಆಫೀಸೊಂದರಲ್ಲಿ ನನಗೆ ಕೆಲಸ ಸಿಕ್ಕಿತ್ತು. ನಕ್ಷೆಯ ಸಾಫ್ಟ್‌ವೇರನ್ನು ದುಡ್ಡು ಕೊಡದೆ ಮೂವತ್ತು ದಿನ ಮಾತ್ರ ಬಳಸಬಹುದಿತ್ತು. ನಮ್ಮ ಧಾರವಾಡದ ಮ್ಯಾನೇಜರು ದಿನಾ ಬೆಳಿಗ್ಗೆ ಗಣಪತಿ ಫೋಟೋಕ್ಕೆ ಊದಿನಕಡ್ಡಿ ಬೆಳಗಿ, ಕಂಪ್ಯೂಟರಿನ ತಾರೀಖನ್ನು ಹಿಂದಕ್ಕೆ ತಿರುಗಿಸುತ್ತಿದ್ದರು. ಅದು ನಾನು ಕೆಲಸಕ್ಕೆ ಸೇರುವುದಕ್ಕಿಂತ ಒಂದು ವರ್ಷ ಹಿಂದಿನ ತಾರೀಖು.

“ಇದು ಕಳವಲ್ಲೇನ್ರಿ ಸರ್?” ಎಂದು ಒಮ್ಮೆ ಕೇಳಿದೆ.

“ಕಳವು ಹೆಂಗಾಕ್ಕೈತ್ರಿ? ಒಂದ್ ತಿಂಗಳ ಫುಕಟ್ ಅಂತ ಅವ್ರ ಹೇಳ್ಯಾರ. ನಮ್ಮ ತಿಂಗಳ ಇನ್ನೂ ಮುಗಿದಿಲ್ಲ.”

ಇದೇ ಮಹಾನುಭಾವರು, ನಾನು ಹತ್ತು ನಿಮಿಷ ತಡವಾಗಿ ಬಂದ ದಿನ, ಹಾಜರಿ ಪುಸ್ತಕದಲ್ಲಿ ನನ್ನ ಹೆಸರಿನ ಮುಂದೆ ಕೆಂಪು ಗೆರೆ ಎಳೆದರು. “ಟೈಮಿನಾಗ ಮೋಸ ನಡಿಯಂಗಿಲ್ರಿ!”

ನನಗೆ ಪಿತ್ತ ನೆತ್ತಿಗೇರಿತು. ಕಂಪ್ಯೂಟರಿನ ತಾರೀಖು ತೋರಿಸಿ, “ಇದರ ಪ್ರಕಾರ ನಾ ಇನ್ನೂ ಕೆಲಸಕ್ಕ ಸೇರೇ ಇಲ್ರಿ” ಎಂದೆ.

ಅವರು ಕನ್ನಡಕ ಏರಿಸಿಕೊಂಡು ತಾರೀಖನ್ನು ಓದಿದರು. “ಖರೇ ಐತಿ. ಹಂಗಾದ್ರ ಪಗಾರ ಕೇಳಬ್ಯಾಡ್ರಿ.”