ಅಡುಗೆಮನೆಯ ಎಲೆ, ಕಿಕ್ಕೇರಿ ಹಳ್ಳದ ಬೇರು

ನವೆಂಬರ್ ೧೬, ಭಾನುವಾರ, ಬೆಳಿಗ್ಗೆ ೭ ಗಂಟೆ ೨೦ ನಿಮಿಷ. ಕ್ಯಾತನಹಳ್ಳಿಯ ನಮ್ಮ ಮನೆಯಲ್ಲಿ ಅಮ್ಮ ಅಕ್ಕಿ ಡ್ರಮ್ಮನ್ನು ಪಕ್ಕಕ್ಕೆ ಸರಿಸಿ ನೆಲ ಒರೆಸುತ್ತಿದ್ದಳು. ಡ್ರಮ್ಮಿನ ಅಡಿಯ ಚಪ್ಪಡಿಯಲ್ಲಿ ಒಂದು ಎಲೆ ಇತ್ತು. ಅಂಗೈಯಷ್ಟು ಅಗಲ, ಕಪ್ಪು ಬಣ್ಣ, ಜರೀಗಿಡದ ಹಾಗೆ ಕವಲು ಕವಲು. ಚಿಕ್ಕವಳಿದ್ದಾಗ ಅದರ ಮೇಲೆ ಬೆರಳಾಡಿಸಿದ್ದು ನೆನಪಿತ್ತು. ಆಮೇಲೆ ಡ್ರಮ್ಮು ಬಂದು ಕೂತಿತು, ನಾನು ಮರೆತೆ.

"ಅದ್ಯಾಕಮ್ಮಿ ನೆಲ ನೋಡ್ಕಂಡು ಕುಂತ್ಬುಟ್ಟೆ? ಚಿನ್ನ ಗಿನ್ನ ಸಿಕ್ತಾ?" ಎಂದಳು ಅಮ್ಮ.

ಸಿಕ್ಕಿತೆಂದೇ ನಾನು ಅಂದುಕೊಂಡೆ. ಆ ದಿನವೇ ಇನ್ನೂರು ಪುಟದ ನೋಟ್‌ಬುಕ್ಕಿನ ಮೊದಲ ಹಾಳೆಯಲ್ಲಿ ಬರೆದೆ: ಪಳೆಯುಳಿಕೆ ಸಂಖ್ಯೆ ೧, ಎಲೆ. ಸಿಕ್ಕ ಜಾಗ, ಕ್ಯಾತನಹಳ್ಳಿ.

ನಾನು ಪಾಂಡವಪುರ ತಾಲ್ಲೂಕಿನ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಅತಿಥಿ ಶಿಕ್ಷಕಿ, ವಿಜ್ಞಾನ ಕಲಿಸುತ್ತೇನೆ. ಎಂಟನೇ ತರಗತಿಯಲ್ಲಿ ಮೂವತ್ತೆಂಟು ಮಕ್ಕಳಿದ್ದಾರೆ. ಪಳೆಯುಳಿಕೆಯನ್ನು ಕಣ್ಣಾರೆ ಕಂಡವರು ಯಾರು ಎಂದು ಕೇಳಿದಾಗ ಎದ್ದ ಕೈ ಒಂದೂ ಇಲ್ಲ. ಶಾಲೆಯ ಪಡಸಾಲೆಯಲ್ಲಿ ಒಂದು ಗಾಜಿನ ಬೀರು ಖಾಲಿ ನಿಂತಿತ್ತು. ಅದನ್ನು ಕೇಳಿದ್ದಕ್ಕೆ ಹೆಡ್ ಮೇಡಂ ಹೀಗೆ ಹೇಳಿದರು: "ಫೆಬ್ರವರಿ ಇಪ್ಪತ್ತೆಂಟು ವಿಜ್ಞಾನ ದಿನ. ಅಷ್ಟರಲ್ಲಿ ತುಂಬಿಸಿದ್ರೆ ಬೀರು ನಿಂದು. ಇಲ್ದಿದ್ರೆ ಪಿ.ಟಿ. ಮೇಷ್ಟ್ರು ವಾಲಿಬಾಲ್ ಇಡಾಕೆ ಆಗ್ಲೇ ಕೇಳ್ತಾವ್ರೆ."

ನನಗೆ ಆ ಬೀರು ಬೇಕಿತ್ತು. 'ನಮ್ಮ ಸೀಮೆಯ ಪಳೆಯುಳಿಕೆಗಳು' ಎಂದು ದಪ್ಪ ಅಕ್ಷರದ ಹಣೆಪಟ್ಟಿಯನ್ನು ಮೊದಲೇ ಬರೆದಿಟ್ಟುಕೊಂಡೆ.

ನಮ್ಮ ಅಡುಗೆಮನೆಗೆ ಆ ಕಲ್ಲು ಹಾಕಿದವರು ಶ್ರೀರಂಗಪಟ್ಟಣದ ಚಾಚಾ. ಮೂವತ್ತು ವರ್ಷಕ್ಕೂ ಮೇಲೆ ನೆಲಕ್ಕೆ ಚಪ್ಪಡಿ ಹಾಸುವ ಕೆಲಸ ಮಾಡಿದವರು, ಅಪ್ಪನ ಸ್ನೇಹಿತರು. ಕೇಳಲು ಹೋದರೆ ಅವರ ಮುಖ ಅರಳಿತು.

"ಅರೆ ಬೇಟಿ, ಆ ಕಲ್ಲು ಇನ್ನೂ ಅಯ್ತಾ? ಎಲೆ ಇರೋ ಕಲ್ಲು ಬಂದ್ರೆ ನಾವು ಹಾಲ್‌ಗೆ ಹಾಕಲ್ಲ. ತೆಗೆದಿಟ್ಟು ಅಡಿಗೆಮನೆ ಮೂಲೇಗೇ ಹಾಕೋದು. ಕಾಳು ಕಡ್ಡಿ ಇಡೋ ಜಾಗ್ದಲ್ಲಿ ಹಸ್ರು ಇರ್ಬೇಕು, ಬರ್ಕತ್ತು, ಮನೆ ತುಂಬಿರ್ತದೆ."

ಚಾಚಾ ಹಾಸಿದ ಅಡುಗೆಮನೆಗಳ ಲೆಕ್ಕ ಚಾಚಾಗೇ ಇರಲಿಲ್ಲ. ಆದರೆ ಯಾವ ಬೀದಿ, ಯಾವ ಮನೆ, ಯಾವ ಮೂಲೆ ಎಂಬುದೆಲ್ಲ ಬಾಯಲ್ಲೇ ಇತ್ತು. ಹಳೆ ಮನೆ ಕೆಡವಿ ಹೊಸದು ಕಟ್ಟುತ್ತಿರುವವರ ಬಾಗಿಲಿಗೆಲ್ಲ ನನ್ನನ್ನು ಕರೆದುಕೊಂಡು ಹೋದರು. ಎಂಟು ಭಾನುವಾರಗಳಲ್ಲಿ ನಾಲ್ಕು ತಾಲ್ಲೂಕು ಸುತ್ತಿದೆವು. ಶ್ರೀರಂಗಪಟ್ಟಣದಲ್ಲಿ ಹನ್ನೆರಡು, ಪಾಂಡವಪುರದಲ್ಲಿ ಒಂಬತ್ತು, ಕೆ.ಆರ್. ಪೇಟೆಯಲ್ಲಿ ಏಳು, ನಾಗಮಂಗಲದಲ್ಲಿ ಮೂರು. ಒಟ್ಟು ಮೂವತ್ತೊಂದು ಕಲ್ಲು. ಕಿತ್ತು ತಂದ ಪ್ರತಿಯೊಂದರ ಹಿಂದೆ ಬಿಳಿ ಪೇಂಟಿನಲ್ಲಿ ಸಂಖ್ಯೆ ಹಾಕಿದೆ, ಪುಸ್ತಕದಲ್ಲಿ ಉದ್ದ, ಅಗಲ, ಸಿಕ್ಕ ಊರು ಬರೆದೆ.

ಜನವರಿ ೧೭, ಶನಿವಾರ, ಸಂಜೆ ೪.೩೦. ಭೂವಿಜ್ಞಾನ ಕಲಿಸಿ ನಿವೃತ್ತರಾದ ಮೇಡಂ ಒಬ್ಬರು ಶ್ರೀರಂಗಪಟ್ಟಣದಲ್ಲಿದ್ದಾರೆ. ಅವರ ಮನೆಯ ನೆಲವೂ ಚಾಚಾ ಹಾಸಿದ್ದೇ. ಬೀರುವಿನಲ್ಲಿ ಇಡುವ ಮೊದಲು ಅವರ ಬಾಯಿಂದ ಒಂದು 'ಹೌದು' ಕೇಳಿಬಿಡೋಣ ಎಂದು ಇಬ್ಬರೂ ಹೋದೆವು. ಚಾಚಾ ಆರು ಕಲ್ಲನ್ನು ಗೋಣಿಚೀಲದಲ್ಲಿ ಹೊತ್ತಿದ್ದರು.

ಮೇಡಂ ಮಸೂರ ಹಿಡಿದು ಒಂದೊಂದನ್ನೇ ನೋಡಿದರು. ಆಮೇಲೆ ನನ್ನ ಪುಸ್ತಕ ತೆಗೆದುಕೊಂಡು ಪುಟ ತಿರುವಿದರು.

"ತುಂಬ ಚೆನ್ನಾಗಿ ಬರೆದಿದ್ದೀರಿ. ಸಿಕ್ಕ ಜಾಗ ಇದೆ. ಕಲ್ಲು ಬಂದ ಜಾಗ ಎಲ್ಲಿದೆ?"

ನಾನು ಚಾಚಾ ಕಡೆ ನೋಡಿದೆ.

"ಶಹಾಬಾದ್ ಕಲ್ಲಲ್ವಾ ಮೇಡಂ," ಎಂದರು ಚಾಚಾ, ಇದೇನು ಕೇಳುವ ಮಾತೇ ಎನ್ನುವಂತೆ. "ಕಲಬುರಗಿ ಕಡೆಯಿಂದ ಲಾರೀಲಿ ಬರ್ತದೆ."

ಗೊತ್ತಿರಲಿಲ್ಲ ಎಂದು ಹೇಳುವ ಹಾಗಿರಲಿಲ್ಲ. ನಮ್ಮ ಮನೆಯಲ್ಲೂ ಅದನ್ನು ಶಹಾಬಾದ್ ಕಲ್ಲು ಎಂದೇ ಕರೆಯುತ್ತೇವೆ. ಮೂವತ್ತೊಂದು ಸಲ 'ಸಿಕ್ಕ ಜಾಗ' ಎಂದು ಬರೆಯುವಾಗ ಒಂದು ಸಲವೂ ಆ ಹೆಸರು ಕಿವಿಗೆ ಬಿದ್ದಿರಲಿಲ್ಲ.

ಮೇಡಂ ಇನ್ನೂ ಮುಗಿಸಿರಲಿಲ್ಲ. "ಇನ್ನೊಂದು ಮಾತು, ಬೇಜಾರು ಮಾಡ್ಕೋಬೇಡಿ. ಇದು ಎಲೆಯೂ ಅಲ್ಲ. ಕಲ್ಲಿನ ಪದರಗಳ ನಡುವೆ ಮ್ಯಾಂಗನೀಸ್ ಕರಗಿದ ನೀರು ಜಿನುಗಿ, ಒಣಗುತ್ತಾ ಹೀಗೆ ಕವಲೊಡೆಯುತ್ತದೆ. ಎಲೆಗಾದರೆ ಒಂದು ಅಂಚಿರುತ್ತದೆ. ಇದಕ್ಕೆ ಅಂಚೇ ಇಲ್ಲ ನೋಡಿ, ಕವಲು ಹೋಗ್ತಾನೇ ಇದೆ. ಆ ಕಲ್ಲಾದಾಗ ನೆಲದ ಮೇಲೆ ಎಲೆ ಬಿಡುವ ಗಿಡ ಇನ್ನೂ ಹುಟ್ಟಿರಲಿಲ್ಲ. ನಮ್ಮ ಬೆಟ್ಟಗಳ ಬಂಡೆಯಂತೂ ಅದಕ್ಕಿಂತ ಎಷ್ಟೋ ಹಳೆಯದು."

ಚಾಚಾ ಕಲ್ಲುಗಳನ್ನು ಒಂದೊಂದಾಗಿ ಗೋಣಿಚೀಲಕ್ಕೆ ವಾಪಸ್ ಹಾಕತೊಡಗಿದರು. "ಹಂಗಾದ್ರೆ ಇಷ್ಟು ವರ್ಷ ಹೆಣ್ಮಕ್ಳಿಗೆಲ್ಲ ಎಲೆ ಎಲೆ ಅಂತ ಸುಳ್ಳು ಹೇಳ್ಬುಟ್ನಲ್ಲ ಮೇಡಂ. ನಿಮ್ಮನೇಲೂ ಒಂದು ಹಾಕಿವ್ನಿ."

"ಗೊತ್ತು. ಅದರ ಮೇಲೆ ನಾನು ಏನೂ ಇಡೋದಿಲ್ಲ. ದಿನಾ ಕಾಫಿ ಕಾಸುವಾಗ ನೋಡ್ತೀನಿ."

ಬಸ್‌ಸ್ಟ್ಯಾಂಡಿನಲ್ಲಿ ಚಾಚಾ ಟೀ ಕೊಡಿಸಿದರು. ನಾನು ಪುಸ್ತಕ ತೆರೆದು ಮೂವತ್ತೊಂದರ ಮೇಲೂ ಒಂದು ಗೆರೆ ಎಳೆದೆ. ಉಳಿದದ್ದು ಸೊನ್ನೆ. ವಿಜ್ಞಾನ ದಿನಕ್ಕೆ ನಲವತ್ತೆರಡು ದಿನ.

"ಬರ್ದು ಬರ್ದು ಹೊಡೆದಾಕ್ತಾ ಇದ್ದೀಯಲ್ಲ, ಬುಡು," ಎಂದರು ಚಾಚಾ. "ಒಂದು ಕೇಳ್ತೀನಿ. ಮೇಡಂ ನೀರು ಜಿನುಗಿ ಗುರುತು ಬಿಡ್ತದೆ ಅಂದ್ರಲ್ಲ, ಗೊಟ್ಟದ ಕಲ್ಲು ಅದೇ ಥರಾನಾ?"

ದನಕ್ಕೆ ಔಷಧಿ ಕುಡಿಸುವ ಬಿದಿರಿನ ಕೊಳವೆಗೆ ನಮ್ಮ ಕಡೆ ಗೊಟ್ಟ ಎನ್ನುತ್ತಾರೆ. ಚಾಚಾ ಹುಡುಗರಾಗಿದ್ದಾಗ ಗಾರೆ ಕೆಲಸಕ್ಕೆ ಕಿಕ್ಕೇರಿ ಹತ್ತಿರದ ಒಂದು ಹೊಲದಿಂದ ಸುಣ್ಣ ತರುತ್ತಿದ್ದರಂತೆ. ಅಲ್ಲಿ ಮಣ್ಣಿನಲ್ಲಿ ಸಿಗುವ ಸುಣ್ಣಕಲ್ಲಿನ ಗಂಟುಗಳನ್ನು ಆಯ್ದು ಸುಡುತ್ತಿದ್ದರು. ಕೊಳವೆಯಂತೆ ಉದ್ದಕ್ಕಿದ್ದು ನಡುವೆ ತೂತಿರುವ ಗಂಟು ಸಿಕ್ಕರೆ ಸುಣ್ಣದ ಗೂಡಿಗೆ ಹಾಕುತ್ತಿರಲಿಲ್ಲ. ತೂತಿನೊಳಗಿನ ಮಣ್ಣು ಸೇರಿ ಸುಣ್ಣ ಕೆಂಪಾಗುತ್ತದೆಂದು ಎತ್ತಿ ಬದುವಿಗೆ ಎಸೆಯುತ್ತಿದ್ದರು.

ಜನವರಿ ೨೫, ಭಾನುವಾರ. ಎರಡು ಬಸ್ಸು ಬದಲಾಯಿಸಿ ೯.೪೦ಕ್ಕೆ ಕಿಕ್ಕೇರಿಯಲ್ಲಿ ಇಳಿದೆವು. ಹೊಲದ ಅಜ್ಜಿ ಅವರೆಕಾಯಿ ಬಿಡಿಸುತ್ತಾ ಕೂತಿದ್ದರು. ಅವರ ಅತ್ತೆಯ ಕಾಲಕ್ಕೇ ಸುಣ್ಣದ ಗೂಡಿನ ಕೆಲಸ ನಿಂತುಹೋಗಿತ್ತು. ನಾವು ಬಂದ ಕಾರಣ ಕೇಳಿ ನಕ್ಕುಬಿಟ್ಟರು.

"ಗೊಟ್ಟದ ಕಲ್ಲಾ? ಅದ್ನ ತಕ್ಕೊಂಡೋಗಿ ಇಸ್ಕೂಲ್ ಮಕ್ಳಿಗೆ ಔಸ್ದಿ ಕುಡುಸ್ತೀಯಾ ಮಗಾ?"

"ಕುಡಿಸಿದ್ರೂ ಓದ್ತಾವಾ, ಅದನ್ನ ಹೇಳಿ," ಎಂದರು ಚಾಚಾ.

ಬದುವಿನ ಮೇಲೆ ರಾಶಿ ಇನ್ನೂ ಇತ್ತು. ಬಿಳಿ, ಬೆರಳುಗಾತ್ರ, ಕೆಲವು ಮೊಣಕೈಯುದ್ದ. ನಾನು ಬಗ್ಗಿ ಒಂದನ್ನು ಎತ್ತಿಕೊಳ್ಳುವವಳಿದ್ದೆ. ಕೈ ಅರ್ಧದಲ್ಲಿ ನಿಂತಿತು.

"ಅಜ್ಜಿ, ಇವು ಇಲ್ಲಿಗೆ ಎಲ್ಲಿಂದ ಬಂದವು?"

"ಎಲ್ಲಿಂದ ಬಂದಾವು? ಬೊಂಬಾಯಿಂದಾ? ಅಗೋ, ಆ ಅಳ್ಳದ ದಡದಿಂದ. ನಮ್ಮತ್ತೆ ಅಲ್ಲೇ ಕೀಳ್ತಿದ್ದುದ್ದು. ಬಾ ತೋರುಸ್ತೀನಿ."

ಹಳ್ಳದಲ್ಲಿ ನೀರಿರಲಿಲ್ಲ. ಮಳೆ ಕೊರೆದ ದಡ ಗೋಡೆಯಂತೆ ನಿಂತಿತ್ತು. ಅಜ್ಜಿ ಕುಡುಗೋಲಿನ ತುದಿಯಿಂದ ತೋರಿಸಿದ ಕಡೆ, ಮೇಲಿನಿಂದ ಒಂದೂವರೆ ಮೀಟರು ಕೆಳಗೆ, ಬಿಳಿ ಕೊಳವೆಗಳು ಮಣ್ಣಿನಲ್ಲಿ ನೆಟ್ಟಗೆ ನಿಂತಿದ್ದವು. ಮೇಲೆ ದಪ್ಪ, ಕೆಳಗೆ ಸಣ್ಣ, ಅಲ್ಲಲ್ಲಿ ಪಕ್ಕಕ್ಕೆ ಚಾಚಿದ ತೆಳು ಎಳೆ. ಯಾರೂ ತಂದು ಇಟ್ಟದ್ದಲ್ಲ. ಟೇಪು ಹಿಡಿದು ಅಳೆದೆ, ಎರಡು ಸಲ ಎಣಿಸಿದೆ. ದಡದಲ್ಲಿ ಹದಿನೇಳು. ಹದಿನಾಲ್ಕನ್ನು ಮುಟ್ಟಲಿಲ್ಲ. ಸಡಿಲವಾಗಿದ್ದ ಮೂರನ್ನು ಅಜ್ಜಿಯ ಅಪ್ಪಣೆ ಕೇಳಿ, ಫೋಟೊ ತೆಗೆದು, ಹಳೆ ಪಂಚೆಯಲ್ಲಿ ಸುತ್ತಿದೆ. ಹಿಂದಿರುಗುವ ಬಸ್ಸಿನಲ್ಲಿ ಚಾಚಾ ಅವನ್ನು ತೊಡೆಯ ಮೇಲೇ ಇಟ್ಟುಕೊಂಡಿದ್ದರು.

ಶ್ರೀರಂಗಪಟ್ಟಣದ ಮನೆಯಲ್ಲಿ ಮೇಡಂ ಒಂದು ತುಣುಕಿನ ಮೇಲೆ ಆಸಿಡ್ ತೊಟ್ಟು ಬಿಟ್ಟರು, ನೊರೆ ಎದ್ದಿತು. ತೂತಿನೊಳಗೆ ಮಸೂರ ಹಿಡಿದು ನೋಡಿದರು. ಫೋಟೊ ನೋಡಿದರು, ಅಳತೆ ಓದಿದರು. ಈ ಸಲ ಅವರೇ ಕುರ್ಚಿಯ ತುದಿಗೆ ಬಂದು ಕೂತರು.

"ಇದು ಬೇರು. ಬೇರಿನ ಸುತ್ತ ಸುಣ್ಣ ಕಟ್ಟಿಕೊಂಡು ಗಟ್ಟಿಯಾಗಿದೆ, ಒಳಗಿನ ಬೇರು ಕೊಳೆತು ಹೋಗಿ ಅದರ ಜಾಗ ಉಳಿದಿದೆ. ಬಂಡೆಯ ಲೆಕ್ಕಕ್ಕೆ ಇದು ನಿನ್ನೆ ಮೊನ್ನೆಯದು. ಆದರೆ ಇಲ್ಲಿಯದೇ."

"ಎಷ್ಟು ವರ್ಷ ಅಂತ ಬರೆಯಲಿ?"

"ಗೊತ್ತಿಲ್ಲವಲ್ಲ. ಆ ಜಾಗ ಖಾಲಿ ಬಿಡಿ."

ಫೆಬ್ರವರಿ ೨೮, ಶನಿವಾರ. ಹಳೆ ಹಣೆಪಟ್ಟಿ ಹರಿದೆ. ಮೂರು ಖಾನೆಯ ಬೀರುವಿನಲ್ಲಿ ಮೇಲಿನದರಲ್ಲಿ ಚಾಚಾ ಆರಿಸಿದ ಐದು ಚಪ್ಪಡಿ ಇಟ್ಟೆ. 'ಎಲೆಯಲ್ಲ, ನೀರಿನ ಗುರುತು. ಸಿಕ್ಕಿದ್ದು ನಮ್ಮ ಅಡುಗೆಮನೆಗಳಲ್ಲಿ, ಬಂದದ್ದು ಶಹಾಬಾದಿನಿಂದ.' ನಡುವಿನದರಲ್ಲಿ ಮೂರು ಬೇರು, ದಡದ ಫೋಟೊ, ಅಳತೆ. 'ವಯಸ್ಸು' ಎಂಬುದರ ಮುಂದೆ ಏನೂ ಇಲ್ಲ. ಕೆಳಗಿನ ಖಾನೆ ಖಾಲಿ.

ಚಾಚಾ ಇಸ್ತ್ರಿ ಮಾಡಿದ ಬಿಳಿ ಷರಟು ಹಾಕಿಕೊಂಡು ಬಂದಿದ್ದರು. ಮಕ್ಕಳು ಗಾಜಿಗೆ ಮೂಗು ಒತ್ತಿ ನಿಂತಿದ್ದರು. ಅವರಿಗೆ ಎಲೆಯಲ್ಲದ ಎಲೆ ತೋರಿಸಿ, "ಮೋಸ ಹೋಗ್ಬೇಡಿ, ನಾನು ಮೂವತ್ತು ವರ್ಷ ಮೋಸ ಹೋಗಿವ್ನಿ," ಎಂದು ತಾವೇ ವಿವರಿಸತೊಡಗಿದರು. ಒಬ್ಬಳು ಹುಡುಗಿ ಬೇರನ್ನೇ ನೋಡುತ್ತಾ ಕೇಳಿದಳು: "ಮಿಸ್, ಇದು ಯಾವ ಮರದ್ದು?" ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲ ಎಂದೇ ಹೇಳಿ, ಪ್ರಶ್ನೆಯನ್ನು ಪುಸ್ತಕದಲ್ಲಿ ಬರೆದುಕೊಂಡೆ. ಆ ದಿನ ಬಂದ ಪ್ರಶ್ನೆಗಳು ಇಪ್ಪತ್ತಾರು. ಉತ್ತರ ಹೇಳಲು ಆದದ್ದು ಒಂಬತ್ತಕ್ಕೆ.

ಮಧ್ಯಾಹ್ನ ಹೆಡ್ ಮೇಡಂ ಬೀರುವಿನ ಬೀಗದ ಕೈಯನ್ನು ನನ್ನ ಕೈಗೆ ಹಾಕಿದರು. ಕೆಳಗಿನ ಖಾನೆ ಖಾಲಿಯಿದೆಯಲ್ಲ ಎಂದು ಪಿ.ಟಿ. ಮೇಷ್ಟ್ರು ಎರಡು ವಾಲಿಬಾಲ್ ತಂದರು. ಸದ್ಯಕ್ಕೆ ಇಟ್ಟುಕೊಳ್ಳಲಿ ಎಂದೆ.

ಆ ಖಾನೆ ತುಂಬಬೇಕು. ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ ತಾಲ್ಲೂಕುಗಳಲ್ಲಿ ಬಾವಿ ತೋಡುವಾಗ, ಹಳ್ಳದ ದಡದಲ್ಲಿ, ಕಾಲುವೆ ಅಗೆದ ಕಡೆ ಇಂಥ ಬೇರನ್ನೋ ಮಣ್ಣೊಳಗೆ ಗಟ್ಟಿಯಾದ ಚಿಪ್ಪನ್ನೋ ಕಂಡವರು, ಸುಣ್ಣದ ಗೂಡು ಇಟ್ಟಿದ್ದ ಮನೆಯವರು, ಇದು ಯಾವ ಮರದ ಬೇರಿರಬಹುದೆಂದು ಹೇಳಬಲ್ಲವರು ದಯವಿಟ್ಟು ಈ ಪತ್ರಿಕೆಯ ವಿಳಾಸಕ್ಕೆ ಬರೆಯಿರಿ. ಕಲ್ಲನ್ನು ಕಿತ್ತು ಕಳಿಸಬೇಡಿ, ಫೋಟೊ ಸಾಕು. ಸಿಕ್ಕ ಜಾಗದ ಜೊತೆಗೆ, ಅದು ಅಲ್ಲಿಗೆ ಬಂದದ್ದು ಎಲ್ಲಿಂದ ಎಂಬುದನ್ನೂ ಒಂದು ಸಾಲು ಬರೆಯಿರಿ.