ಎರಡು ಗರಿಯ ಕಾಡು

ಬಿಸಿಲು ತಡೆಯಲಾಗದೆ ನೆರೆಮನೆಯ ಗ್ರಿಗೊರಿ ಅಂಕಲ್ ಬಹರೈನ್ ಬಿಟ್ಟು ಹೋದರು ಎನ್ನುತ್ತಾರೆ ನಮ್ಮ ಕನ್ನಡ ಬಳಗದವರು. ಈ ವಾದದಲ್ಲಿ ಹುರುಳಿಲ್ಲ. ಆಗಸ್ಟಿನ ಮಧ್ಯಾಹ್ನ ಬುದಯ್ಯ ಊರಿನ ನಮ್ಮ ಕಾಂಪೌಂಡಿನಲ್ಲಿ ಕುರ್ಚಿ ಹಾಕಿಕೊಂಡು, ಚಮಚದಲ್ಲಿ ಜಾಮ್ ನೆಕ್ಕುತ್ತ ಸುಡುಸುಡು ಕಪ್ಪು ಚಹಾ ಕುಡಿಯುತ್ತಿದ್ದ ಮನುಷ್ಯನನ್ನು ಬಿಸಿಲು ಏನು ಮಾಡೀತು?

ಅವರು ದೊಡ್ಡ ನಿರ್ದೇಶಕರಾಗಿದ್ದರು ಎಂಬುದೂ ಸುಳ್ಳು. ಸೋವಿಯತ್ ಕಾಲದ ಒಂದು ಸಣ್ಣ ಸಿನಿಮಾ ಸ್ಟುಡಿಯೋದಲ್ಲಿ ಅವರು ಮೊದಲು ಪ್ರೊಡಕ್ಷನ್ ಮ್ಯಾನೇಜರ್. ಕುದುರೆ, ಲಾರಿ, ಊಟ, ಪರವಾನಗಿ ಹೊಂದಿಸುವ ಕೆಲಸ. ಆಮೇಲೆ ಸೆಟ್ ಡಿಸೈನರ್. ಜನ ಸಾಲದಾಗ ಎರಡೂ ಅವರೇ. ಹಾಗಾಗಿ ಒಂದೇ ತಲೆಯಲ್ಲಿ ಇಬ್ಬರು ಉಳಿದುಬಿಟ್ಟಿದ್ದರು: ಕನ್ನಡಕ ಹಾಕಿದರೆ ಮ್ಯಾನೇಜರ್, ತೆಗೆದರೆ ಡಿಸೈನರ್. ಶಾಲೆಯ ಡಿಬೇಟ್ ತಂಡದಲ್ಲಿ ಪರ, ವಿರೋಧ ಎರಡನ್ನೂ ಕಲಿತಿದ್ದ ನನಗೇ ಹೊಟ್ಟೆಕಿಚ್ಚಾಗುವಷ್ಟು ಚೆನ್ನಾಗಿ ತಮ್ಮೊಡನೆ ತಾವೇ ಜಗಳವಾಡುತ್ತಿದ್ದರು. ಅದೂ ಇಂಗ್ಲಿಷಿಗೆ ಸಿನಿಮಾ ಹಿಂದಿ ಬೆರೆಸಿ.

ಅಪ್ಪ ಬಳಗದ ನಾಟಕ ಮಾಡಿಸಿದ ವರ್ಷ ರಂಗಸಜ್ಜಿಕೆ ಅವರ ಪಾಲಿಗೆ ಬಂತು. ಕಾಡಿನ ದೃಶ್ಯ. ಕನ್ನಡಕ ತೆಗೆದು ಕಾಗದದ ತುಂಬ ಮರ ಬರೆದರು. ಹಾಕಿಕೊಂಡು ನೋಡಿದರು.

“ಅರೇ ಭಾಯ್, ಇಷ್ಟು ಮರ ಯಾರು ಕೊಡ್ತಾರೆ? ಎರಡು ಸಾಕು.”

ಮತ್ತೆ ತೆಗೆದರು. “ಎರಡು ಮರಕ್ಕೆ ಕಾಡು ಅಂತಾರಾ, ನಾಲಾಯಕ್?”

ಪಿಕಪ್ ವ್ಯಾನ್ ಓಡಿಸುವ, ನಾಟಕದಲ್ಲಿ ರಾಜನಾಗಿದ್ದ ಹಮೀದಾಕ ಬೆರಗಾದರು. “ಎಂಥ ಮಾರಾಯ್ರೆ ಇದು! ನಾವು ಜಗಳ ಬಿಡಿಸ್ಲಿಕ್ಕೆ ಹೋಗ್ಬೇಕಾ?”

ಕೊನೆಗೆ ರಾಜಿಯಾಯಿತು. ಮ್ಯಾನೇಜರ್ ಪಕ್ಕದ ತೋಟದಿಂದ ಎರಡೇ ಖರ್ಜೂರದ ಗರಿ ಕೇಳಿ ತಂದರು. ಡಿಸೈನರ್ ಅವುಗಳ ಹಿಂದೆ ದೀಪವಿಟ್ಟು ಬಿಳಿ ಪರದೆಯ ಮೇಲೆ ನೆರಳು ಬೀಳಿಸಿದರು. ಪರದೆಯ ತುಂಬ ಕಾಡು! ಆದರೆ ಅಭ್ಯಾಸವೆಲ್ಲ ಎ.ಸಿ. ಇಲ್ಲದೆ ನಡೆದಿತ್ತು. ಪ್ರದರ್ಶನದ ದಿನ ಮನಾಮಾದ ಸಭಾಂಗಣ ಕಿಕ್ಕಿರಿದದ್ದು ನೋಡಿ ಕಾವಲುಗಾರ ಎ.ಸಿ.ಯನ್ನು ಪೂರ್ತಿ ಏರಿಸಿಬಿಟ್ಟ. ಶಾಂತ ಬೆಳದಿಂಗಳ ಕಾಡು ಬಿರುಗಾಳಿಗೆ ಸಿಕ್ಕಂತೆ ತೊನೆದಾಡಿತು. ನಿದ್ದೆ ಮಾಡಬೇಕಿದ್ದ ರಾಜ ಎದ್ದು ಕೂತು, “ಮಂತ್ರಿ, ಗಾಳಿ ಜೋರುಂಟು. ಅರಮನೆಗೆ ಹೋಗುವ” ಎಂದ. ಚಪ್ಪಾಳೆಯೋ ಚಪ್ಪಾಳೆ. ಅಪ್ಪ ತಲೆ ಹಿಡಿದುಕೊಂಡರು. ಅಂಕಲ್ ಮಾತ್ರ ಮರೆಯಲ್ಲಿ ಕುಣಿಯುತ್ತಿದ್ದರು: “ಗಾಳಿ ಪುಕ್ಕಟೆ! ಮ್ಯಾನೇಜರ್ ಜಿಂದಾಬಾದ್!”

ಅದೇ ವರ್ಷದ ಚಳಿಗಾಲದಲ್ಲಿ ಅವರ ಹಳೆಯ ಸಹೋದ್ಯೋಗಿಯ ಫೋನ್ ಬಂತು. ಅವರ ಊರಿನಲ್ಲಿ ಒಂದು ಸಿನಿಮಾ, ಡಿಸೈನರ್ ಬೇಕು. ಹೃದಯದ ಆಪರೇಷನ್ ಆಗಿದ್ದ ತಂದೆಯನ್ನು ಕಳಿಸಲು ಮಗಳು ಓಲ್ಗಾ ಸುತರಾಂ ಒಪ್ಪಲಿಲ್ಲ. ಅವಳು ಇಲ್ಲಿ ಪಿಯಾನೋ ಕಲಿಸುತ್ತಿದ್ದಳು; ಅವರಿದ್ದದ್ದು ಅವಳ ಮನೆಯಲ್ಲೇ. ವಾರವಿಡೀ ಅಂಕಲ್ ಕನ್ನಡಕ ಏರಿತು, ಇಳಿಯಿತು.

“ಈ ಎದೆ ಇಟ್ಕೊಂಡು ಹಿಮದಲ್ಲಿ ನಿಲ್ತೀಯಾ?”

“ಮತ್ತೆ? ಇಲ್ಲೇ ಜಾಮ್ ತಿಂದು ಸಾಯ್ಲಾ?”

ಕೊನೆಗೊಂದು ಬೆಳಿಗ್ಗೆ ಹಮೀದಾಕನ ಪಿಕಪ್ಪಿಗೆ ಪೆಟ್ಟಿಗೆ ಏರಿತು. ಓಲ್ಗಾ ಅಳುತ್ತಲೇ ಅವರ ಕೋಟಿನ ಜೇಬಿಗೆ ಮಾತ್ರೆ ತುರುಕಿದಳು. ಡಿಸೈನರ್ ಗೆದ್ದ ಎಂದುಕೊಂಡೇ ಕೈಬೀಸಲು ಹೋದೆ. ನೋಡಿದರೆ ಮೂಗಿನ ಮೇಲೆ ಕನ್ನಡಕ, ಭದ್ರವಾಗಿ! ಪಿಕಪ್ ಹೊರಟೇಬಿಟ್ಟಿತ್ತು. ಹಿಂದೆ ಓಡುತ್ತ ಕೂಗಿದೆ:

“ಅಂಕಲ್, ಹೋಗು ಅಂದವನು ಮ್ಯಾನೇಜರಾ?”